ತಲೆಯೆಣಿಕೆ ಶಾಸ್ತ್ರ ಪ್ರವೇಶಿಕೆ

ಮಾರ್ಗದರ್ಶಕರೊಡನೆ ಕೈಗೊಳ್ಳುವ ಒಂದು ದಿನದ ಪ್ರವಾಸದ ಉದ್ದೇಶ ಪ್ರಕೃತಿ ವೀಕ್ಷಣೆ ಎಂಬ ತಪ್ಪು ತಿಳಿವಳಿಕೆ ಜನಸಾಮಾನ್ಯರಲ್ಲಿ ಬಲವಾಗಿ ಬೇರೂರಿದೆ. ಕರಪತ್ರಗಳ ಮೇಲೆ ಜಲಪಾತದ ಚಿತ್ರ ಅಚ್ಚಾಗುವುದೇ ಇದಕ್ಕೆ ಕಾರಣವಿರಬೇಕು. ವಾಸ್ತವದಲ್ಲಿ ಇಂಥ ಪ್ರವಾಸದ ಉದ್ದೇಶ ಒಂದೇ: ಬೆಳಿಗ್ಗೆ ಬಸ್ಸು ಹತ್ತಿದಷ್ಟೇ ಮಂದಿಯನ್ನು ಸಂಜೆ ಬಸ್ಸಿನಿಂದ ಇಳಿಸುವುದು. ಬೆಟ್ಟ, ಕೊಳ್ಳ, ಬಿಸಿನೀರಿನ ಬುಗ್ಗೆಗಳೆಲ್ಲ ಈ ಸಂಖ್ಯೆಯನ್ನು ಏರುಪೇರು ಮಾಡಲು ದಾರಿಯುದ್ದಕ್ಕೂ ಒಡ್ಡಿರುವ ಅಡಚಣೆಗಳು. ಅಡಚಣೆ ಸುಂದರವಾದಷ್ಟೂ ಎಣಿಕೆ ಕಠಿಣ. ಆದ್ದರಿಂದಲೇ ಐಸ್‌ಲ್ಯಾಂಡಿನ ಒಳನಾಡು, ಅಂದರೆ ಜ್ವಾಲಾಮುಖಿಗಳಿಂದಲೇ ಎದ್ದುನಿಂತಿರುವ ಜನವಸತಿಯಿಲ್ಲದ ಎತ್ತರದ ಸೀಮೆ, ಈ ಶಾಸ್ತ್ರದ ವಿದ್ಯಾರ್ಥಿಗಳಿಗೆ ಉನ್ನತ ಪರೀಕ್ಷಾ ಕೇಂದ್ರವಾಗಿದೆ.

ಮೊದಲಿಗೆ ‘ಒಂದು ದಿನ’ ಎಂಬ ಪಾರಿಭಾಷಿಕ ಪದವನ್ನು ಇತ್ಯರ್ಥಗೊಳಿಸಬೇಕು. ಜೂನ್ ತಿಂಗಳ ಕೊನೆಯಲ್ಲಿ ರಾಜಧಾನಿ ರೇಕ್ಯಾವಿಕ್‌ನಲ್ಲಿ ಸೂರ್ಯ ಬೆಳಗಿನ ಜಾವ ಸುಮಾರು ಮೂರಕ್ಕೆ ಹುಟ್ಟಿ ನಡುರಾತ್ರಿಯ ಹೊತ್ತಿಗೆ ಮುಳುಗುತ್ತಾನೆ. ಮುಳುಗಿದ ಮೇಲೂ ಪೂರ್ತಿ ಕತ್ತಲಾಗುವುದಿಲ್ಲ. ಒಳನಾಡಿನ ದಾರಿಗಳು ಹಿಮ ಕರಗಿ ಸಂಚಾರಕ್ಕೆ ತೆರೆಯುವುದೂ ಸಾಮಾನ್ಯವಾಗಿ ಆ ವೇಳೆಗೇ. ಹೀಗೆ ದಿನ ಎಂಬುದು ಮುಗಿಯದೇ ಇರುವ ಋತುವಿನಲ್ಲೇ ಒಂದು ದಿನದ ಪ್ರವಾಸಗಳು ನಡೆಯುವುದರಿಂದ, ದಿನ ಮುಗಿಯಿತೆಂದು ಘೋಷಿಸುವ ಅಧಿಕಾರವನ್ನು ಸೂರ್ಯನಿಂದ ಬಸ್ಸಿನ ಚಾಲಕನಿಗೆ ವರ್ಗಾಯಿಸಲಾಗಿದೆ. ಈ ವರ್ಗಾವಣೆಯ ವಿರುದ್ಧ ಸೂರ್ಯ ಇದುವರೆಗೆ ಮೇಲ್ಮನವಿ ಸಲ್ಲಿಸಿಲ್ಲ.

ಅಧ್ಯಯನದ ಅನುಕೂಲಕ್ಕಾಗಿ ಪ್ರಯಾಣಿಕರ ಸಂಖ್ಯೆ ಹತ್ತೊಂಬತ್ತು ಎಂದಿಟ್ಟುಕೊಳ್ಳೋಣ. ಬೆಳಿಗ್ಗೆ ಎಂಟಕ್ಕೆ ಎತ್ತರದ ಗಾಲಿಗಳ ಬಸ್ಸು ಹೊರಡುತ್ತದೆ. ಮಾರ್ಗದರ್ಶಕಿ ಮುಂದಿನಿಂದ ಹಿಂದಕ್ಕೆ ನಡೆಯುತ್ತ ತೋರುಬೆರಳನ್ನು ಅಲ್ಪವಾಗಿ ಆಡಿಸಿ, ತುಟಿ ಮಾತ್ರ ಅಲುಗಿಸುತ್ತ ಪ್ರಥಮ ಎಣಿಕೆಯನ್ನು ನೆರವೇರಿಸುತ್ತಾಳೆ. ಷೂ ಲೇಸು ಕಟ್ಟಲು ಬಗ್ಗಿದವರು ಈ ಪದ್ಧತಿಯಲ್ಲಿ ಸೊನ್ನೆ. ಚೀಲವನ್ನು ಮೇಲೆ ಇಡಲು ಎದ್ದು ನಿಂತು, ಬಳಿಕ ಇನ್ನೊಂದು ಸೀಟಿನಲ್ಲಿ ಕುಳಿತವರು ಎರಡು. ಇಬ್ಬರೂ ಒಂದೇ ಬಸ್ಸಿನಲ್ಲಿದ್ದರೆ ಲೆಕ್ಕ ತಾನಾಗಿ ಸರಿಹೋಗುತ್ತದೆ. ಪ್ರಕೃತಿಯ ಸಮತೋಲನ ಎಂಬ ಮಾತಿಗೆ ಇದಕ್ಕಿಂತ ಸ್ಪಷ್ಟ ನಿದರ್ಶನ ಪ್ರವಾಸದ ಉಳಿದ ಭಾಗದಲ್ಲಿ ಸಿಗುವುದಿಲ್ಲ.

ಎಣಿಕೆ ಮುಗಿದ ಕ್ಷಣದಿಂದ ಕುಳಿತ ಸೀಟು ಕುಳಿತವರ ಪಿತ್ರಾರ್ಜಿತ ಆಸ್ತಿಯಾಗುತ್ತದೆ. ಇದಕ್ಕೆ ನೋಂದಣಿ ಬೇಕಿಲ್ಲ. ಒಂದು ಮಫ್ಲರು ಸಾಕು. ಕರ್ನಾಟಕದಿಂದ ಬಂದ ದಂಪತಿ ಇದ್ದರೆ ಅವರನ್ನು ಈ ಹಂತದಲ್ಲಿ ಗುರುತಿಸುವುದು ಸುಲಭ. ಬಸ್ಸು ನಗರದ ಎಲ್ಲೆ ದಾಟುವ ಮುನ್ನವೇ ಕಾಲಬುಡದ ಚೀಲದಿಂದ ನಿಪ್ಪಟ್ಟಿನ ಡಬ್ಬಿ ಹೊರಬಂದಿರುತ್ತದೆ. ಐಸ್‌ಲ್ಯಾಂಡಿನ ಹೋಟೆಲಿನ ದರಪಟ್ಟಿಯನ್ನು ಒಮ್ಮೆ ಓದಿದವರು ಯಾರೂ ಇದನ್ನು ಟೀಕಿಸುವುದಿಲ್ಲ. ಶಾಸ್ತ್ರದ ದೃಷ್ಟಿಯಿಂದ ಇವರು ಆದರ್ಶ ಪ್ರಯಾಣಿಕರು. ಡಬ್ಬಿ ಬಸ್ಸಿನಲ್ಲಿದೆ ಎಂದಮೇಲೆ ಅದರ ಒಡೆಯರು ಬಹಳ ದೂರ ಹೋಗಿರಲಾರರು.

ಮೊದಲ ಅಡಚಣೆ ಹ್ಯೌಲ್ಪಾರ್‌ಫಾಸ್. ಎರಡು ಕವಲಾಗಿ ಧುಮುಕಿ ಒಂದೇ ಮಡುವಿನಲ್ಲಿ ಕೂಡಿಕೊಳ್ಳುವ ಈ ಜಲಪಾತದ ಹೆಸರಿಗೆ ‘ನೆರವಿನ ಜಲಪಾತ’ ಎಂದರ್ಥ. ಹಿಂದಿನ ಕಾಲದಲ್ಲಿ ಹುಲ್ಲುಕಡ್ಡಿಯಿಲ್ಲದ ಒಳನಾಡಿನ ಮರುಭೂಮಿಯನ್ನು ದಾಟಿ ಬಂದವರ ಕುದುರೆಗಳಿಗೆ ಇಲ್ಲಿ ಮೇವು ಸಿಗುತ್ತಿತ್ತು. ಎರಡು ಗಂಟೆ ಬಸ್ಸಿನಲ್ಲಿ ಕುಳಿತು ಬಂದ ಇಂದಿನ ಪ್ರವಾಸಿಗೆ ಬೇಕಾಗುವ ನೆರವು ಬೇರೆ ಸ್ವರೂಪದ್ದು. ಅದರ ಹೆಸರಿನಲ್ಲಿ ಜಲಪಾತ ಇನ್ನೂ ಸ್ಥಾಪನೆಯಾಗಿಲ್ಲ. ಇಲ್ಲಿ ನೀಡುವ ಕಾಲಾವಕಾಶ ಇಪ್ಪತ್ತು ನಿಮಿಷ. ಜಲಪಾತಕ್ಕೆ ಬೆನ್ನು ಹಾಕಿ ಫೋಟೊ ತೆಗೆಸಿಕೊಳ್ಳಲು ಹದಿನೆಂಟು ನಿಮಿಷ ಬೇಕಾಗುವುದರಿಂದ, ಮುಖ ತಿರುಗಿಸಿ ನೋಡಲು ಎರಡು ನಿಮಿಷ ಉಳಿಯುತ್ತದೆ. ನುರಿತವರು ಈ ಎರಡು ನಿಮಿಷವನ್ನೂ ಫೋಟೊ ಚೆನ್ನಾಗಿ ಬಂದಿದೆಯೇ ಎಂದು ಪರಿಶೀಲಿಸಲು ಬಳಸಿಕೊಳ್ಳುತ್ತಾರೆ.

ಈ ಜಲಪಾತವಿರುವ ಕಣಿವೆಯ ಸ್ತೋಂಗ್ ಎಂಬ ಹೊಲಮನೆ 1104ರಲ್ಲಿ ಹೆಕ್ಲಾ ಪರ್ವತ ಸಿಡಿದಾಗ ಬೂದಿಯಡಿ ಹೂತುಹೋಯಿತು. ಪುರಾತತ್ವಜ್ಞರು ಅದನ್ನು ಅಗೆದು ತೆಗೆದದ್ದು 1939ರಲ್ಲಿ. ತಡವಾಗಿ ಬರುವವರಿಗಾಗಿ ಎಷ್ಟು ಹೊತ್ತು ಕಾಯಬಹುದು ಎಂಬ ಪ್ರಶ್ನೆ ಎದ್ದಾಗ ಮಾರ್ಗದರ್ಶಕರು ಈ 835 ವರ್ಷಗಳ ಅಂತರವನ್ನು ಗರಿಷ್ಠ ಮಿತಿಯೆಂದು ಪರಿಗಣಿಸಬಹುದು.

ಹೆಕ್ಲಾ 1,491 ಮೀಟರ್ ಎತ್ತರದ ಜೀವಂತ ಜ್ವಾಲಾಮುಖಿ. ಮಧ್ಯಯುಗದ ಯುರೋಪಿನಲ್ಲಿ ಅದು ನರಕದ ಹೆಬ್ಬಾಗಿಲು ಎಂಬ ನಂಬಿಕೆಯಿತ್ತು. ಆ ಬಾಗಿಲಲ್ಲಿ ಒಳಹೋದವರ ಎಣಿಕೆಯನ್ನು ಯಾರೂ ಇಟ್ಟಂತಿಲ್ಲ. ಇಪ್ಪತ್ತನೆಯ ಶತಮಾನದಲ್ಲಿ 1947, 1970, 1980, 1991ರಲ್ಲಿ, ಕೊನೆಯದಾಗಿ 2000ದ ಫೆಬ್ರವರಿಯಲ್ಲಿ ಅದು ಸಿಡಿಯಿತು. ಆ ಕೊನೆಯ ಬಾರಿ ಸ್ಫೋಟ ನೋಡಲು ತಮ್ಮ ಪಾಡಿಗೆ ಕಾರು ಹತ್ತಿ ಹೊರಟ ನಾಗರಿಕರು ವಾಪಸಾಗುವಾಗ ಹಿಮಗಾಳಿಗೆ ಸಿಕ್ಕಿ ರಸ್ತೆಯಲ್ಲೇ ಉಳಿದರು. ಎಣಿಸುವವರಿಲ್ಲದೆ ಹೊರಟರೆ ಏನಾಗುತ್ತದೆ ಎಂಬುದಕ್ಕೆ ಇದನ್ನು ಉದಾಹರಿಸುವುದು ವಾಡಿಕೆ. ಈ ಪರ್ವತದ ವಿಶೇಷವೆಂದರೆ ಅದು ಕೊಡುವ ಮುನ್ಸೂಚನೆಯ ಅವಧಿ. ಭೂಮಿ ಕಂಪಿಸತೊಡಗಿದ ಮೇಲೆ ಸ್ಫೋಟಕ್ಕೆ ಉಳಿಯುವುದು ಅರ್ಧ ಗಂಟೆ, ಹೆಚ್ಚೆಂದರೆ ಎಂಬತ್ತು ನಿಮಿಷ. ಊಟದ ವಿರಾಮ ಮುಕ್ಕಾಲು ಗಂಟೆಯಾದ್ದರಿಂದ ಎರಡೂ ಕಾರ್ಯಕ್ರಮಗಳನ್ನು ಹೊಂದಿಸುವುದು ಸಾಧ್ಯ, ಆದರೆ ಕಾಫಿಗೆ ಸಮಯ ಸಾಲದು.

ಇಲ್ಲಿಂದ ಮುಂದೆ ರಸ್ತೆಯ ಸಂಖ್ಯೆಗೆ ಎಫ್ ಎಂಬ ಅಕ್ಷರ ಅಂಟಿಕೊಳ್ಳುತ್ತದೆ. ಅದು ಐಸ್‌ಲ್ಯಾಂಡಿನ ಭಾಷೆಯಲ್ಲಿ ಪರ್ವತವನ್ನು ಸೂಚಿಸುವ ಅಕ್ಷರ. ನಾಲ್ಕೂ ಗಾಲಿಗೆ ಬಲವಿರುವ ವಾಹನಗಳಿಗೆ ಮಾತ್ರ ಇಲ್ಲಿ ಪ್ರವೇಶ. ದಾರಿ ಬಿಟ್ಟು ಪಕ್ಕಕ್ಕೆ ಇಳಿದರೆ ದಂಡ. ದಾರಿ ಯಾವುದು, ಪಕ್ಕ ಯಾವುದು ಎಂಬುದನ್ನು ಮಾತ್ರ ಅನುಭವದಿಂದಲೇ ತಿಳಿಯಬೇಕು. ಹಲವು ಹೊಳೆಗಳಿಗೆ ಸೇತುವೆಯಿಲ್ಲ. ಬಸ್ಸು ನೇರವಾಗಿ ನೀರಿಗಿಳಿಯುತ್ತದೆ. ಹತ್ತೊಂಬತ್ತು ಜನರೂ ಏಕಕಾಲಕ್ಕೆ ಕಾಲನ್ನು ನೆಲದಿಂದ ಮೇಲೆತ್ತುತ್ತಾರೆ. ಇದರಿಂದ ಬಸ್ಸಿನ ತೂಕದಲ್ಲಿ ವ್ಯತ್ಯಾಸವಾಗದಿದ್ದರೂ ಚಾಲಕನಿಗೆ ನೈತಿಕ ಬೆಂಬಲ ದೊರೆಯುತ್ತದೆ.

ಹೊಳೆ ದಾಟಿದ ಕೂಡಲೇ ಎಣಿಸಬೇಕೆಂಬ ನಿಯಮ ಬಹಳ ಹಳೆಯದು. ನಮ್ಮ ವೇದಾಂತಿಗಳು ಹೇಳುವ ದಶಮ ಪುರುಷನ ದೃಷ್ಟಾಂತವೇ ಇದಕ್ಕೆ ಆಧಾರ. ಹತ್ತು ಮಂದಿ ಹೊಳೆ ದಾಟುತ್ತಾರೆ. ಎಣಿಸಿದವನು ತನ್ನನ್ನು ಬಿಟ್ಟು ಉಳಿದವರನ್ನು ಎಣಿಸುತ್ತಾನೆ. ಒಬ್ಬ ಕೊಚ್ಚಿಹೋದನೆಂದು ಎಲ್ಲರೂ ಕೂತು ಅಳುತ್ತಾರೆ. ದಾರಿಹೋಕನೊಬ್ಬ ಬಂದು ಆ ಹತ್ತನೆಯವನು ನೀನೇ ಎಂದು ತೋರಿಸಿಕೊಡುತ್ತಾನೆ. ಇದನ್ನು ಆತ್ಮಜ್ಞಾನದ ಕಥೆಯೆಂದು ಬಗೆದು ಶತಮಾನಗಳಿಂದ ವ್ಯಾಖ್ಯಾನಿಸಲಾಗಿದೆ. ಅದು ಪ್ರವಾಸೋದ್ಯಮದ ಕೈಪಿಡಿಯ ಒಂದು ಅಧ್ಯಾಯ ಎಂಬ ಅಂಶವನ್ನು ಭಾಷ್ಯಕಾರರು ಗಮನಿಸಲಿಲ್ಲ.

ದಾರಿಯ ನಡುವೆ ಲ್ಯೋತಿಪೊಲ್ಲುರ್ ಎಂಬ ಸರೋವರ ಸಿಗುತ್ತದೆ. ಸುಮಾರು 1477ರ ಸ್ಫೋಟದಿಂದ ಉಂಟಾದ ಕುಳಿಯಲ್ಲಿ ಕಡುನೀಲಿ ನೀರು, ಸುತ್ತ ಕಡುಗೆಂಪು ದಂಡೆ. ಹೆಸರಿನ ಅರ್ಥ ‘ಕುರೂಪಿ ಹೊಂಡ’. ನೀಲಿ ಶಿಖರಕ್ಕೆ ನೀಲಿ ಶಿಖರವೆಂದೂ ಎತ್ತರದ ಜಲಪಾತಕ್ಕೆ ಎತ್ತರದ ಜಲಪಾತವೆಂದೂ, ಅದರ ಪಕ್ಕದ ಜಲಪಾತಕ್ಕೆ ‘ನೆರೆಯವನು’ ಎಂದೂ ಯಥಾವತ್ತಾಗಿ ಹೆಸರಿಡುವ ಜನ ಇಲ್ಲಿ ಮಾತ್ರ ಏಕೆ ಹೀಗೆ ಮಾಡಿದರು ಎಂಬುದು ಶಾಸ್ತ್ರಬಲ್ಲವರಿಗೆ ತಿಳಿಯದ್ದೇನಲ್ಲ. ಸುಂದರ ಸರೋವರ ಎಂದು ಫಲಕ ಹಾಕಿದ ಕಡೆ ಪ್ರವಾಸಿಗಳು ನಲವತ್ತು ನಿಮಿಷ ನಿಲ್ಲುತ್ತಾರೆ. ಕುರೂಪಿ ಹೊಂಡದ ಬಳಿ ಹತ್ತೇ ನಿಮಿಷಕ್ಕೆ ಬಸ್ಸು ಹತ್ತಿಸಬಹುದು.

ಪ್ರವಾಸದ ಮುಖ್ಯ ಗಂಡಾಂತರ ಲಾಂಡ್‌ಮನ್ನಲಾಯ್ಗರ್. ಅರಿಶಿನ, ಪಾಚಿ ಹಸುರು, ಇಟ್ಟಿಗೆಗೆಂಪು ಬಣ್ಣಗಳ ರಯೊಲೈಟ್ ಬೆಟ್ಟಗಳ ಬುಡದಲ್ಲಿ, ಸುಮಾರು 1477ರಲ್ಲೇ ಹರಿದು ಹೆಪ್ಪುಗಟ್ಟಿದ ಕರಿಯ ಲಾವಾ ಬಯಲಿದೆ. ಅದರ ಅಂಚಿನಡಿಯಿಂದ ಬಿಸಿನೀರು ಹೊರಟು ತಣ್ಣನೆಯ ತೊರೆಯನ್ನು ಸೇರಿ ಸ್ನಾನಯೋಗ್ಯ ಮಡುವಾಗುತ್ತದೆ. ಬುಗ್ಗೆಯ ಕಡೆ ಸರಿದರೆ ಬೇಯುತ್ತದೆ, ತೊರೆಯ ಕಡೆ ಸರಿದರೆ ನಡುಗುತ್ತದೆ. ಆದ್ದರಿಂದ ನಡುವಿನ ಒಂದೂವರೆ ಮಾರು ಜಾಗ ಸದಾ ಭರ್ತಿ. ಅಲ್ಲಿ ತಲುಪಿದವರು ಕಣ್ಣು ಮುಚ್ಚಿ ಧ್ಯಾನಸ್ಥರಂತೆ ಕಂಡರೂ ಮೊಣಕೈಗಳು ಎಚ್ಚರವಾಗಿರುತ್ತವೆ.

ಬಟ್ಟೆ ಬದಲಿಸುವ ವಿಧಿ ಹೀಗಿದೆ. ದಡದ ಮರದ ಅಟ್ಟಣೆಯ ಮೇಲೆ ಟವೆಲು ಸುತ್ತಿಕೊಂಡು ನಿಲ್ಲಬೇಕು. ಟವೆಲಿಗೆ ನಾಲ್ಕು ಮೂಲೆಗಳು. ಒಂದು ಹಲ್ಲಿನಲ್ಲಿ, ಒಂದು ಎಡಗೈಯಲ್ಲಿ, ಒಂದು ಸಂಗಾತಿಯ ಕೈಯಲ್ಲಿ. ನಾಲ್ಕನೆಯದು ಗಾಳಿಯ ಸುಪರ್ದಿಗೆ. ಗಾಳಿ ಸಾಮಾನ್ಯವಾಗಿ ತನ್ನ ಪಾಲಿಗೆ ಬಂದಷ್ಟರಿಂದ ತೃಪ್ತಿ ಹೊಂದುವುದಿಲ್ಲ. ಈ ಹಂತದಲ್ಲಿ ಅಪರಿಚಿತರೆಲ್ಲ ಏಕಕಾಲಕ್ಕೆ ಬೆಟ್ಟಗಳ ಭೂವಿಜ್ಞಾನದಲ್ಲಿ ಆಸಕ್ತರಾಗಿ ಅತ್ತ ತಿರುಗುವುದು ಶಿಷ್ಟಾಚಾರ. ಮೈ ತೋಯಿಸಿಕೊಳ್ಳುವವರಿಗೆ ಇನ್ನೊಂದು ಸೂಚನೆ: ಕೆಲವು ಬೇಸಿಗೆಗಳಲ್ಲಿ ಈ ಮಡುವಿನ ಬಾತುಗಳು ಮತ್ತು ಬಸವನಹುಳುಗಳ ಮೂಲಕ ಹರಡುವ ಪರೋಪಜೀವಿಯ ಮರಿಗಳು ಸ್ನಾನದವರ ಚರ್ಮಕ್ಕೆ ತುರಿಕೆ ತಂದದ್ದುಂಟು. ಬಾತುಗಳು ಮಾರ್ಗದರ್ಶಕರಿಲ್ಲದೆ ಬರುತ್ತವೆ.

ತಲೆಯೆಣಿಕೆ ಎಂಬ ಪದ ಅಕ್ಷರಶಃ ಅನ್ವಯಿಸುವುದು ಈ ಒಂದೇ ಸ್ಥಳಕ್ಕೆ. ನೀರಿನ ಮೇಲೆ ಕಾಣುವುದು ತಲೆಗಳು ಮಾತ್ರ. ಆದರೆ ಶಾಸ್ತ್ರ ಇಲ್ಲಿಯೇ ಕುಸಿಯುತ್ತದೆ. ಮಾರ್ಗದರ್ಶಕಿ ಬೆಳಗಿನಿಂದ ಗುರುತಿಟ್ಟುಕೊಂಡದ್ದು ಕೆಂಪು ಜಾಕೆಟ್ಟನ್ನು, ಹಳದಿ ಟೋಪಿಯನ್ನು, ನಿಪ್ಪಟ್ಟಿನ ಡಬ್ಬಿಯನ್ನು. ಒದ್ದೆಯಾದ ತಲೆಗೆ ರಾಷ್ಟ್ರೀಯತೆಯಿಲ್ಲ. ಕಾಣುವ ತಲೆಗಳಲ್ಲಿ ಅರ್ಧ ಬೇರೆ ಬಸ್ಸಿನವು.

ಬಟ್ಟೆ ಬದಲಾವಣೆ ಎಣಿಕೆಯನ್ನು ಎಲ್ಲಿಗೆ ಒಯ್ಯಬಲ್ಲದು ಎಂಬುದಕ್ಕೆ ಈ ಕ್ಷೇತ್ರದ ಪ್ರಮಾಣಭೂತ ಪ್ರಕರಣ ಇಲ್ಲಿಗೆ ಸಮೀಪದ ಎಲ್ಡ್‌ಗ್ಯಾ ಎಂಬ ಜ್ವಾಲಾಮುಖಿ ಕಂದರದಲ್ಲಿ 2012ರ ಆಗಸ್ಟ್‌ನಲ್ಲಿ ಸಂಭವಿಸಿತು. ಹತ್ತನೆಯ ಶತಮಾನದ ಮಹಾಸ್ಫೋಟದ ನೆಲೆಯಾದ ಈ ಕಂದರದಲ್ಲಿ ಓಫೈರುಫಾಸ್ ಎಂಬ ಜಲಪಾತವಿದೆ. ಅದರ ಮೇಲಿದ್ದ ಪ್ರಕೃತಿನಿರ್ಮಿತ ಕಲ್ಲಿನ ಕಮಾನು 1993ರಲ್ಲಿ ಕುಸಿಯಿತು. ಕಮಾನು ಕುಸಿದ ಬಗ್ಗೆ ಯಾರಿಗೂ ಸಂದೇಹ ಉಂಟಾಗಲಿಲ್ಲ, ಏಕೆಂದರೆ ಅದು ಒಂದೇ ಇತ್ತು. ಮನುಷ್ಯರ ವಿಷಯ ಹಾಗಲ್ಲ. ಪ್ರವಾಸಿ ಬಸ್ಸೊಂದು ಅಲ್ಲಿ ನಿಂತಿತು. ಮಹಿಳೆಯೊಬ್ಬರು ಇಳಿದು, ಬಟ್ಟೆ ಬದಲಿಸಿ, ಮುಖ ತೊಳೆದು ಬಸ್ಸಿಗೆ ಮರಳಿದರು. ಸಹಪ್ರಯಾಣಿಕರು ಅವರನ್ನು ಗುರುತಿಸಲಿಲ್ಲ. ಹೋದವರು ಬರಲಿಲ್ಲ ಎಂಬ ಸುದ್ದಿ ಹಬ್ಬಿತು. ಬಸ್ಸು ಕಾಯಿತು. ಪೊಲೀಸರಿಗೆ ತಿಳಿಸಲಾಯಿತು. ಸುಮಾರು 160 ಸೆಂ.ಮೀ. ಎತ್ತರ, ಕಡುಬಣ್ಣದ ಉಡುಪು, ಒಳ್ಳೆಯ ಇಂಗ್ಲಿಷ್ ಎಂಬ ಚಹರೆಯನ್ನು ಪ್ರಕಟಿಸಲಾಯಿತು. ಆ ಚಹರೆ ತನ್ನದೆಂದು ಆ ಮಹಿಳೆಗೂ ಹೊಳೆಯಲಿಲ್ಲ. ಮಾನವೀಯತೆಯುಳ್ಳವರಾದ್ದರಿಂದ ಅವರೂ ಶೋಧಕಾರ್ಯದಲ್ಲಿ ಪಾಲ್ಗೊಂಡರು. ಐವತ್ತರಷ್ಟು ಜನ ವಾಹನಗಳಲ್ಲೂ ಕಾಲ್ನಡಿಗೆಯಲ್ಲೂ ಹುಡುಕಿದರು. ಹೆಲಿಕಾಪ್ಟರನ್ನು ಸಜ್ಜಾಗಿಡಲಾಯಿತು. ಬೆಳಗಿನ ಜಾವ ಸುಮಾರು ಮೂರು ಗಂಟೆಗೆ, ಕಾಣೆಯಾದವರು ಹುಡುಕುವವರ ನಡುವೆಯೇ ಇದ್ದಾರೆಂಬುದು ಸ್ಪಷ್ಟವಾಯಿತು.

ವೇದಾಂತದ ದೃಷ್ಟಾಂತಕ್ಕೆ ಹೋಲಿಸಿದರೆ ಇಲ್ಲಿ ಗಣನೀಯ ಪ್ರಗತಿಯಿದೆ. ಅಲ್ಲಿ ಹತ್ತನೆಯವನು ಕೂತು ಅತ್ತನಷ್ಟೇ. ಇಲ್ಲಿ ಆ ಮಹಿಳೆ ಎದ್ದು ಹುಡುಕಲು ಹೊರಟಿದ್ದಾರೆ. ತನ್ನನ್ನು ತಾನು ಅರಸುವ ಕಾರ್ಯಕ್ಕೆ ಸರ್ಕಾರಿ ಸಿಬ್ಬಂದಿಯ ನೆರವು ಸಿಕ್ಕ ಇನ್ನೊಂದು ನಿದರ್ಶನ ದರ್ಶನಗಳ ಇತಿಹಾಸದಲ್ಲಿ ದೊರೆಯುವುದಿಲ್ಲ.

ವಾಪಸು ಪ್ರಯಾಣದಲ್ಲಿ ವಿವರಿಸಬೇಕಾದದ್ದು ಕಡಿಮೆ. ಮಾರ್ಗದರ್ಶಕಿ ಮೈಕಿನಲ್ಲಿ, ಈ ದೇಶ ಉತ್ತರ ಅಮೆರಿಕ ಮತ್ತು ಯುರೇಷಿಯಾ ಭೂಫಲಕಗಳ ಬಿರುಕಿನ ಮೇಲೆ ಕುಳಿತಿದ್ದು, ಅವು ವರ್ಷಕ್ಕೆ ಸುಮಾರು 2 ಸೆಂ.ಮೀ.ನಂತೆ ಬೇರೆಯಾಗುತ್ತಿವೆ ಎಂದು ತಿಳಿಸುತ್ತಾಳೆ. ಹತ್ತೊಂಬತ್ತು ಜನರೂ ನಿದ್ರಿಸುತ್ತಿರುತ್ತಾರೆ. ಹನ್ನೆರಡು ಗಂಟೆಯ ಪ್ರವಾಸದ ಅವಧಿಯಲ್ಲಿ ಆ ಲೆಕ್ಕಕ್ಕೆ ದೇಶ 0.03 ಮಿ.ಮೀ.ಗಿಂತ ತುಸು ಕಡಿಮೆ ಅಗಲವಾಗಿರುತ್ತದೆ. ಈ ಹೆಚ್ಚುವರಿ ದೂರಕ್ಕೆ ಸದ್ಯ ಪ್ರತ್ಯೇಕ ಶುಲ್ಕವಿಲ್ಲ.

ಮರುದಿನ ಬಸ್ಸು ಬೆಳಿಗ್ಗೆ ಎಂಟಕ್ಕೇ ಹೊರಡುತ್ತದೆ. ಹತ್ತಿದವರು ಎಣಿಕೆ ಮುಗಿಯುವವರೆಗೆ ದಯವಿಟ್ಟು ಷೂ ಲೇಸು ಕಟ್ಟಬಾರದು.