ಚೊಂಬಿನೊಳಗಿನ ತಾತ

“ಮೊಮ್ಮಗನ ನಾಮಕರಣದ ಆಲ್ಬಮ್ ನೋಡಿದೆ ರಾಯರೇ. ಎಲ್ಲರೂ ಇದಾರೆ, ಅಡುಗೆಯವರ ಸೌಟೂ ಇದೆ. ನೀವೇ ಇಲ್ಲ!”

ಬೇಲಿಯಾಚೆ ದಾಸವಾಳ ಕೀಳುತ್ತಿದ್ದ ರಾಯರು ನಿಟ್ಟುಸಿರಿಟ್ಟರು. “ಕ್ಯಾಮೆರಾ ಹಿಡಿದವನೇ ನಾನಲ್ವೇ ಮೇಷ್ಟ್ರೇ? ‘ತಾತ ಬಂದೇ ಇರಲಿಲ್ವೇ’ ಅಂತ ಬೀಗರ ಕಡೆಯವರು ಕೇಳಿದರಂತೆ.”

“ಕೊರಗಬೇಡಿ. ಹಾಲೆಂಡಿನಲ್ಲೂ ನಿಮ್ಮ ಪೈಕಿಯವನೊಬ್ಬನಿದ್ದ. ಎಡ್ವರ್ಡ್ ಫಾನ್ ಡೆರ್ ಎಂಡೆನ್ ಅಂತ, ಸಿನಿಮಾ ಛಾಯಾಗ್ರಾಹಕ.”

“ಹೆಸರೇ ಕೇಳಿಲ್ಲ.”

“ನಾನು ಹೇಳಿದ್ದೂ ಅದೇ. 1958ರ ಒಂದೇ ವರ್ಷ ಅವನ ಮೂರು ಚಿತ್ರ. ಒಂದು ‘ಗ್ಲಾಸ್’. ಸುಮಾರು ಹತ್ತು ನಿಮಿಷದ್ದು, ಸಂಭಾಷಣೆಯೇ ಇಲ್ಲ, ಜಾಜ್ ವಾದ್ಯವಿದೆ. ಲೇರ್‌ಡಮ್ ಊರಿನ ಗಾಜಿನ ಕೆಲಸಗಾರರು ಕೊಳವೆ ಬಾಯಿಗಿಟ್ಟು ಊದುತ್ತಾರೆ. ಕೆನ್ನೆ ಕಪ್ಪೆಯ ಗಂಟಲಿನ ಹಾಗೆ ಉಬ್ಬುತ್ತೆ, ಆ ಕಡೆ ಕೆಂಡದುಂಡೆ ಹೂಜಿಯಾಗುತ್ತೆ. ಆಮೇಲೆ ಯಂತ್ರದ ಸರದಿ. ಒಂದು ಬಾಟಲಿ ಮುರಿದು ಅಡ್ಡ ನಿಂತಿತು ನೋಡಿ, ಹಿಂದಿನವೆಲ್ಲ ಬಂದು ಬಂದು ಬಿದ್ದು ಒಡೀತವೆ. ಯಂತ್ರಕ್ಕೆ ಗೊತ್ತೇ ಆಗಲ್ಲ, ಮನುಷ್ಯನೇ ಬರಬೇಕು!”

“ಬಹುಮಾನ ಬಂತೋ?”

“ಆಸ್ಕರ್! ಹೆಸರು ಬಂದದ್ದು ಮಾತ್ರ ನಿರ್ದೇಶಕ ಬೆರ್ಟ್ ಹಾನ್‌ಸ್ಟ್ರಾಗೆ. ಎರಡನೇದು ‘ಫಾನ್‌ಫಾರೆ’, ಅದೂ ಹಾನ್‌ಸ್ಟ್ರಾನದೇ. ಕಾಲುವೆಗಳ ಊರು ಖೀಟ್‌ಹೋರ್ನ್‌ನಲ್ಲಿ ತೆಗೆದದ್ದು. ಊರಿನ ವಾದ್ಯಮೇಳ ಜಗಳವಾಡಿ ಎರಡು ಹೋಳಾಗುತ್ತೆ. ಹಾಲೆಂಡಿನವರು ಮುಗಿಬಿದ್ದು ನೋಡಿದರು. ಮೂರನೇದು ಫೋನ್ಸ್ ರಾಡೆಮಾಕರ್ಸ್‌ನ ‘ನದಿತೀರದ ಹಳ್ಳಿ’. ಅದು ಆಸ್ಕರ್ ಪಟ್ಟಿಯವರೆಗೂ ಹೋಯಿತು. ಒಂದರಲ್ಲಿ ಕುಲುಮೆಯ ಬೆಂಕಿ, ಇನ್ನೆರಡರಲ್ಲಿ ನೀರು. ಕಣ್ಣು ಮಾತ್ರ ಒಂದೇ.”

“ಆಮೇಲೆ?”

“1971ರಲ್ಲಿ ಝಾಕ್ ತಾತಿಯ ‘ಟ್ರಾಫಿಕ್’ಗೆ ಕ್ಯಾಮೆರಾ ಹಿಡಿದವರಲ್ಲಿ ಇವನೂ ಒಬ್ಬ. ಅದರಲ್ಲಿ ಹ್ಯುಲೋ ಅನ್ನೋ ಪುಣ್ಯಾತ್ಮ ಪ್ಯಾರಿಸ್‌ನಿಂದ ಆಮ್‌ಸ್ಟರ್‌ಡಮ್‌ನ ಕಾರು ಪ್ರದರ್ಶನಕ್ಕೆ ಗಾಡಿ ತಗೊಂಡು ಹೊರಟ. ತಲುಪೋ ಹೊತ್ತಿಗೆ ಪ್ರದರ್ಶನವೇ ಮುಗಿದಿತ್ತು.”

“ನಮ್ಮ ಬೀಗರೂ ಹಾಗೇ. ತೊಟ್ಟಿಲು ತೂಗಿ ಎಲೆ ಎತ್ತಿದ ಮೇಲೆ ಬಂದರು.”

“ಅದೇ ವರ್ಷ ಬೆಲ್ಜಿಯಮ್ಮಿನ ಹ್ಯಾರಿ ಕ್ಯುಮೆಲ್‌ಗೆ ರಕ್ತಪಿಶಾಚಿಯ ಚಿತ್ರವನ್ನೂ ತೆಗೆದುಕೊಟ್ಟ! ಜನರಿಲ್ಲದ ಚಳಿಗಾಲದ ಹೋಟೆಲು, ಕೆಂಪು ತುಟಿಯ ಕೌಂಟೆಸ್. ನಗಿಸಿದ ಕಣ್ಣೇ ನಡುಗಿಸಿತು. ನೋಡಿದವರು ನಟಿಯನ್ನ ಹೊಗಳಿದರು.”

ರಾಯರು ಹೂವಿನ ಬುಟ್ಟಿ ಕೆಳಗಿಟ್ಟರು. “ಹಾಗಾದರೆ ಕ್ಯಾಮೆರಾದವನಿಗೆ ಗತಿಯೇ ಇಲ್ಲ ಅನ್ನಿ.”

“ಯಾಕಿಲ್ಲ? ಆ ಹಾನ್‌ಸ್ಟ್ರಾ ಇದ್ದಾನಲ್ಲ, ಅವನೂ ಮೊದಲು ಕ್ಯಾಮೆರಾ ಹಿಡಿದವನೇ. 1950ರಲ್ಲಿ ‘ಹಾಲೆಂಡಿನ ಕನ್ನಡಿ’ ಅಂತ ಮಾಡಿದ. ಊರನ್ನ ನೇರವಾಗಿ ತೋರಿಸದೆ ಕಾಲುವೆ ನೀರಿನಲ್ಲಿ ಬಿದ್ದ ಬಿಂಬ ಹಿಡಿದ, ಅದೂ ಕ್ಯಾಮೆರಾ ತಲೆಕೆಳಗು ಮಾಡಿ. ಹಾಗಾಗಿ ಬಿಂಬದ ಮನೆಗಳು ನೆಟ್ಟಗೆ ನಿಂತವು, ಆದರೆ ಅಲುಗಾಡುತ್ತ. ಕಾನ್‌ನಲ್ಲಿ ಬಹುಮಾನವೂ ಬಂತು. ಅದನ್ನ ನೋಡಿದ ಮೇಲೆ ಹೊಳೆಯೋದೆಲ್ಲ ಬಗ್ಗಿ ನೋಡೋದು ನನಗೆ ಚಟ. ನಿಮ್ಮ ಆಲ್ಬಮ್ಮಿನಲ್ಲೂ ನೋಡಿದೆ.”

“ಏನಿತ್ತು?”

“ಕಲಶದ ಪಕ್ಕ ಬೆಳ್ಳಿ ಚೊಂಬಿದೆಯಲ್ಲ, ಅದರ ಹೊಟ್ಟೆಯ ಮೇಲೆ ನೀವಿದ್ದೀರಿ. ಸಣ್ಣ ತಲೆ, ಕ್ಯಾಮೆರಾ, ಈ ಅಗಲ ಹೊಟ್ಟೆ.”

ರಾಯರು ಬುಟ್ಟಿ ಮರೆತು ಒಳಗೆ ಓಡಿದರು. “ಲೇ, ಆ ಆಲ್ಬಮ್ ತಾರೇ! ಭೂತಗನ್ನಡೀನೂ!”