ಏಪ್ರಿಲ್ ಇಪ್ಪತ್ತನಾಲ್ಕರ ಪಂಚಾಯಿತಿ

ಮುಂಬಯಿಯಲ್ಲಿ ಜಾಗಕ್ಕೆ ಬರ ಎನ್ನುವುದು ಹೊಸ ಸುದ್ದಿಯಲ್ಲ. ಇಲ್ಲಿ ಕ್ಯಾಲೆಂಡರಿನಲ್ಲೂ ಜಾಗ ಸಾಲುವುದಿಲ್ಲ ಮಾರಾಯ್ರೆ. ಮಹಾಮಹಿಮರೆಲ್ಲ ಒಂದೇ ಚೌಕದಲ್ಲಿ, ಲೋಕಲ್ ಟ್ರೇನಿನ ನಾಲ್ಕನೇ ಸೀಟಿನವರ ಹಾಗೆ, ಅರ್ಧ ಒಳಗೆ ಅರ್ಧ ಹೊರಗೆ ಕೂತಿರುತ್ತಾರೆ. ನಂಬಿಕೆ ಬಾರದಿದ್ದರೆ ಅಡುಗೆಮನೆ ಗೋಡೆಯ ಕಾಲನಿರ್ಣಯದಲ್ಲಿ ಏಪ್ರಿಲ್ ಪುಟ ತೆಗೆಯಿರಿ. 24ನೇ ಚೌಕದಲ್ಲಿ ಹಾಲಿನ ಲೆಕ್ಕ, ಗ್ಯಾಸ್ ಸಿಲಿಂಡರ್ ಬಂದ ಗುರುತು ಎರಡನ್ನೂ ಸರಿಸಿ ನೋಡಿದರೆ ಅಲ್ಲಿ ಇಬ್ಬರು ಕಾಣುತ್ತಾರೆ. ಒಬ್ಬರು 1929ರಲ್ಲಿ ಗಾಜನೂರಿನಲ್ಲಿ ಹುಟ್ಟಿದ ಮುತ್ತುರಾಜ, ಎಂದರೆ ನಮ್ಮ ಡಾ. ರಾಜ್‌ಕುಮಾರ್. ಇನ್ನೊಬ್ಬ 1973ರಲ್ಲಿ ಇಲ್ಲೇ ದಾದರಿನಲ್ಲಿ ಹುಟ್ಟಿದ ಸಚಿನ್ ತೆಂಡೂಲ್ಕರ್.

ಬೆಂಗಳೂರಿನವರಿಗೆ ಇದರಿಂದ ತೊಂದರೆಯಿಲ್ಲ. ಬೆಳಿಗ್ಗೆ ಅಣ್ಣಾವ್ರಿಗೆ ಹಾರ, ಸಂಜೆ ಟಿವಿಯಲ್ಲಿ ಸಚಿನ್ನನ ಹಳೇ ಸೆಂಚುರಿ. ಸಂಕಟವೆಲ್ಲ ಮಾಟುಂಗ, ಮುಲುಂಡ್, ಡೊಂಬಿವಲಿಗಳ ಕನ್ನಡ ಮನೆಗಳಲ್ಲಿ. ಅಲ್ಲಿ ಅಜ್ಜ ಊರಿನಿಂದ ಬಂದವರು, ಮೊಮ್ಮಗ ಶಿವಾಜಿ ಪಾರ್ಕಿನ ಧೂಳು ಕುಡಿದವನು.

“ನಲವತ್ತನಾಲ್ಕು ವರ್ಷ ಸೀನಿಯರ್ ಕಣೋ ನಮ್ಮ ಅಣ್ಣಾವ್ರು. ಆ ಹುಡುಗ ತೊಟ್ಟಿಲಲ್ಲಿದ್ದ ವರ್ಷವೇ ‘ಗಂಧದ ಗುಡಿ’ ಬಂದದ್ದು.”

“ಅಜ್ಜ, ಹುಟ್ಟುಹಬ್ಬದ ದಿನ ಅವರು ಕೇಕ್ ಕತ್ತರಿಸಿರಬಹುದು. ಇವನು 1998ರಲ್ಲಿ ಶಾರ್ಜಾದಲ್ಲಿ ಆಸ್ಟ್ರೇಲಿಯಾವನ್ನೇ ಕತ್ತರಿಸಿದ. 134 ರನ್, ಅದೂ ಫೈನಲ್‌ನಲ್ಲಿ!”

ಎರಡು ದಿನ ಮೊದಲು ಅದೇ ಆಸ್ಟ್ರೇಲಿಯಾದ ಎದುರು ಆತ ಹೊಡೆದದ್ದು 143. ಅಂಕಿಗಳೂ ಸೀಟು ಬದಲಾಯಿಸಿ ಕೂತವು. ಅಜ್ಜ ಸೋಲುವವರೇ? ಫಾಲ್ಕೆ ಪ್ರಶಸ್ತಿ ತೆಗೆಯುತ್ತಾರೆ, ಮೊಮ್ಮಗ ಭಾರತರತ್ನ ತೆಗೆಯುತ್ತಾನೆ. ಫಾಲ್ಕೆಯವರು ‘ರಾಜಾ ಹರಿಶ್ಚಂದ್ರ’ ತೋರಿಸಿದ್ದು ಇದೇ ಊರಿನ ಗಿರಗಾಂವಿನಲ್ಲಿ, ಆದ್ದರಿಂದ ಮುಂಬಯಿಯೂ ತಮ್ಮ ಪಕ್ಷವೇ ಎಂದು ಅಜ್ಜನ ವಾದ. ಅಷ್ಟರಲ್ಲಿ ಒಳಗಿನಿಂದ ಅಜ್ಜಿಯ ದನಿ. ಲತಾ ಮಂಗೇಶ್ಕರರ ತಂದೆ ದೀನಾನಾಥರು ತೀರಿಕೊಂಡದ್ದು 1942ರ ಅದೇ ತಾರೀಖಿಗೆ, ಅವರ ನೆನಪಿನ ಪ್ರಶಸ್ತಿಯನ್ನು ಆ ದಿನವೇ ಕೊಡುತ್ತಾರೆ, ನೀವಿಬ್ಬರೂ ಸ್ವಲ್ಪ ಬಾಯಿ ಮುಚ್ಚಿ ಎಂದು. ಲತಾ ‘ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ’ಕ್ಕೆ ಕನ್ನಡದಲ್ಲಿ ಹಾಡಿದ್ದಾರಾದ್ದರಿಂದ ಅಜ್ಜ ತೆಪ್ಪಗಾಗುತ್ತಾರೆ.

ಸಂವಿಧಾನದ 73ನೇ ತಿದ್ದುಪಡಿ ಜಾರಿಗೆ ಬಂದದ್ದೂ 1993ರ ಏಪ್ರಿಲ್ 24ಕ್ಕೆ. ಹಾಗಾಗಿ ಸರ್ಕಾರ 2010ರಿಂದ ಆ ದಿನವನ್ನು ಪಂಚಾಯತ್ ರಾಜ್ ದಿನವೆಂದು ಆಚರಿಸುತ್ತಿದೆ. ನಮ್ಮ ಮನೆಗಳ ಪಂಚಾಯಿತಿಯನ್ನು ಯಾರೋ ದಿಲ್ಲಿಗೆ ವರದಿ ಮಾಡಿರಬೇಕು.

ಡಿಸೆಂಬರ್ 28ರ ಚೌಕವಂತೂ ಇನ್ನೂ ಇಕ್ಕಟ್ಟು. 1885ರಲ್ಲಿ ಆ ದಿನ ಗೋವಾಲಿಯಾ ಟ್ಯಾಂಕ್ ಬಳಿಯ ಗೋಕುಲದಾಸ್ ತೇಜಪಾಲ್ ಸಂಸ್ಕೃತ ಕಾಲೇಜಿನಲ್ಲಿ 72 ಜನ ಸೇರಿ ಕಾಂಗ್ರೆಸ್ ಶುರು ಮಾಡಿದರು. ಸೇರಬೇಕಾಗಿದ್ದದ್ದು ಪುಣೆಯಲ್ಲಿ, ಅಲ್ಲಿ ಕಾಲರಾ ಬಂತು. ಮುಂದೆ ಅದೇ ತಾರೀಖಿಗೆ 1932ರಲ್ಲಿ ಧೀರೂಭಾಯಿ ಅಂಬಾನಿ, 1937ರಲ್ಲಿ ರತನ್ ಟಾಟಾ. ಪಕ್ಷವೂ ಬಂಡವಾಳವೂ ಒಂದೇ ದಿನ ಹುಟ್ಟಿದವೆಂದು ನಾನು ಹೇಳುತ್ತಿಲ್ಲ, ಕ್ಯಾಲೆಂಡರ್ ಹೇಳುತ್ತಿದೆ. ನಮ್ಮ ಕುವೆಂಪು ಈ ಗದ್ದಲವೇ ಬೇಡವೆಂದು ಒಂದು ದಿನ ತಡೆದು 29ಕ್ಕೆ ಹುಟ್ಟಿದರು.

ಇದರಲ್ಲೆಲ್ಲ ಏನೋ ಸಂಕೇತವಿದೆ ಎಂದು ಕಣ್ಣರಳಿಸುವವರಿಗೆ ಲೆಕ್ಕದ ಮೇಷ್ಟ್ರು ತಣ್ಣೀರೆರಚುತ್ತಾರೆ. 23 ಜನ ಒಂದೆಡೆ ಸೇರಿದರೆ ಸಾಕು, ಅವರಲ್ಲಿ ಇಬ್ಬರ ಹುಟ್ಟುಹಬ್ಬ ಒಂದೇ ದಿನ ಬೀಳುವ ಸಾಧ್ಯತೆ ಅರ್ಧಕ್ಕಿಂತ ಹೆಚ್ಚಂತೆ. 57 ಜನರಾದರೆ ನೂರಕ್ಕೆ ತೊಂಬತ್ತೊಂಬತ್ತು. ಸಂಜೆಯ ವಿರಾರ್ ಫಾಸ್ಟ್‌ನಲ್ಲಿ ಬಾಗಿಲ ಬಳಿ ನೇತಾಡುವವರೇ ಇದಕ್ಕೆ ಸಾಕು. ಆದರೂ 1989ರ ನವೆಂಬರ್ 15ಕ್ಕೆ ಕರಾಚಿಯಲ್ಲಿ ಟೆಸ್ಟ್ ಶುರು ಮಾಡಿದ ಹುಡುಗ, 2013ರ ನವೆಂಬರ್ 15ಕ್ಕೇ ವಾಂಖೆಡೆಯಲ್ಲಿ 74 ಹೊಡೆದು ಕೊನೆಯ ಸಲ ಔಟಾಗಿ ನಡೆದನಲ್ಲ, ಅದಕ್ಕೆ ಮೇಷ್ಟ್ರ ಲೆಕ್ಕ ನನಗೆ ಸಮಾಧಾನ ಕೊಡುವುದಿಲ್ಲ.

ತಾರೀಖಿನ ಚೇಷ್ಟೆಗೆ ನಿಜವಾಗಿ ಸಿಕ್ಕಿಬಿದ್ದದ್ದು ಮಾತ್ರ 1956ರ ನವೆಂಬರ್ 1ರ ಮುಂಬಯಿ ಕನ್ನಡಿಗ. ಧಾರವಾಡದವನು ಹಿಂದಿನ ರಾತ್ರಿ ಮಲಗುವಾಗ ತನ್ನದೇ ರಾಜ್ಯದ ರಾಜಧಾನಿಯಲ್ಲಿದ್ದ. ಬೆಳಿಗ್ಗೆ ಎದ್ದರೆ ಚಾಳಿನ ಖೋಲಿ ಅದೇ, ನಳದ ಸರತಿ ಅದೇ, ಊರು ಮಾತ್ರ ಮೈಸೂರು ರಾಜ್ಯಕ್ಕೆ ಸೇರಿತ್ತು. ಮಂಗಳೂರಿನವನ ಊರು ಮದ್ರಾಸನ್ನು ಬಿಟ್ಟು ಅಲ್ಲಿಗೇ ಬಂತು. ಕಾಸರಗೋಡಿನವನ ಊರು ಅದೇ ದಿನ ಕೇರಳಕ್ಕೆ ಹೋಯಿತು, ಆತ ಮಾತ್ರ ಇಂದಿಗೂ ಮುಂಬಯಿಯ ರಾಜ್ಯೋತ್ಸವದಲ್ಲಿ ಮುಂದಿನ ಸಾಲಿನಲ್ಲೇ ಕೂರುತ್ತಾನೆ. ಬೆಳಗಾವಿಯಲ್ಲಿ ಆ ದಿನ ಕೆಲವರು ಹಳದಿ-ಕೆಂಪು ಶಾಲು ಹೊದ್ದರೆ ಕೆಲವರು ಕಪ್ಪು ಪಟ್ಟಿ ಕಟ್ಟುತ್ತಾರೆ. ಆ ವಿಷಯಕ್ಕೆ ನಾನು ಬಾಯಿ ಹಾಕುವುದಿಲ್ಲ, ನನಗೆ ಎರಡೂ ಕಡೆ ನೆಂಟರಿದ್ದಾರೆ.

ಹಾಗೆಂದು ಮುಂಬಯಿಯ ಸಂಘಗಳು ನವೆಂಬರ್ 1ನ್ನು ನವೆಂಬರ್ 1ಕ್ಕೇ ಮಾಡುತ್ತವೆ ಎಂದುಕೊಳ್ಳಬೇಡಿ. ವಾರದ ದಿನ ಅಂಧೇರಿಯಿಂದ ಮಾಟುಂಗಕ್ಕೆ ಬರುವವರು ಯಾರು? ಈ ಊರಿನಲ್ಲಿ ಇತಿಹಾಸವೆಲ್ಲ ಭಾನುವಾರ ಸಂಜೆಯೇ ನಡೆಯಬೇಕು, ಅದೂ ರೈಲ್ವೆಯವರ ಮೆಗಾಬ್ಲಾಕ್ ಮುಗಿದ ಮೇಲೆ. 2026ರ ನವೆಂಬರ್ 1 ಅಸಲಿಗೇ ಭಾನುವಾರ ಬೀಳುತ್ತದೆ. ಹಾಲ್ ಬೇಕಾದವರು ಆದಷ್ಟು ಬೇಗ ಅಡ್ವಾನ್ಸ್ ಕೊಟ್ಟು ರಸೀದಿ ಹಿಡಿದುಕೊಳ್ಳಿ. ಕೇರಳದವರ ರಾಜ್ಯವೂ ಅದೇ ದಿನ ಹುಟ್ಟಿದ್ದು, ಅವರ ಮನೆಯಲ್ಲೂ ಕ್ಯಾಲೆಂಡರ್ ಇದೆ.