ಬ್ರೇಕ್ ಮುಗಿಯೋದ್ರೊಳಗೆ ಮೊಳಕೆ

ಮೆಂತ್ಯ ಮೊಳೆಯೋದಕ್ಕೆ ಮಣ್ಣಿನಲ್ಲಿ ಮೂರು ನಾಲ್ಕು ದಿನ ಬೇಕು. ಟೀವಿಯಲ್ಲಿ ಒಂದು ಬ್ರೇಕ್ ಸಾಕು. ಮೇಷ್ಟ್ರು ಕುಂಡಕ್ಕೆ ಕಾಳು ಉದುರಿಸಿ, ಮೇಲೊಂದಿಷ್ಟು ಮಣ್ಣು ಹರಡಿ, ನೀರು ಚಿಮುಕಿಸಿ, "ಎಲ್ಲೂ ಹೋಗ್ಬೇಡಿ" ಅನ್ನುತ್ತಾರೆ. ಸೋಪು, ಸೀರೆ, ಮಂಡಿನೋವಿನ ಎಣ್ಣೆ ಎಲ್ಲ ಬಂದುಹೋಗುತ್ತವೆ. ತಿರುಗಿ ನೋಡಿದರೆ ಕುಂಡದ ತುಂಬ ಗೇಣುದ್ದ ಸೊಪ್ಪು. "ಆಗ ಕೆಂಪು ಕುಂಡ ಇತ್ತಲ್ಲೋ, ಈಗ ಕಪ್ಪಾಗಿದೆ" ಅಂತ ನಮ್ಮಮ್ಮ ಪ್ರತಿಸಲ ಕೇಳುತ್ತಾಳೆ. ಗೊಬ್ಬರದ ಮಹಿಮೆ ಇರಬೇಕು.

ಮೇಷ್ಟ್ರು ಅಂದೆ. ಅವರು ಯಾವ ಶಾಲೆಯಲ್ಲೂ ಪಾಠ ಮಾಡಿದವರಲ್ಲ. ಕನ್ನಡ ಚಾನೆಲ್‌ಗಳಲ್ಲಿ ದಿನಭವಿಷ್ಯ ಮುಗಿದು ಅಡುಗೆ ಶುರುವಾಗುವ ಮುಂಚಿನ ಸಂದಿಯಲ್ಲಿ ಕೈತೋಟ ಮಾಡಿಸುವವರಿಗೆಲ್ಲ ನಮ್ಮ ಮನೆಯಲ್ಲಿ ಇದೊಂದೇ ಹೆಸರು. ಇಸ್ತ್ರಿ ಮಾಡಿದ ಜುಬ್ಬ, ಕೈಯಲ್ಲಿ ಬೆಲೆ ಚೀಟಿ ಇನ್ನೂ ಕಿತ್ತಿರದ ಪುಟ್ಟ ಸಲಿಕೆ, ಹಿಂದುಗಡೆ ಸಿದ್ದಾಪುರದ ನರ್ಸರಿಯಿಂದ ಬೆಳಗ್ಗೆ ಆಟೋದಲ್ಲಿ ಬಂದು ಸಂಜೆ ವಾಪಸು ಹೋಗುವ ಗುಲಾಬಿಗಳು. ಇಬ್ಬನಿ ಸ್ಪ್ರೇ ಬಾಟಲಿನದು.

ಈ ವಂಶದ ಮೂಲಪುರುಷ 'ಕೃಷಿ ದರ್ಶನ'. 1967ರ ಜನವರಿ 26ರಂದು ದೆಹಲಿ ಸುತ್ತಮುತ್ತಲ 80 ಹಳ್ಳಿಗಳ ರೈತರಿಗೆಂದು ಹುಟ್ಟಿದ ಕಾರ್ಯಕ್ರಮ. ಅಲ್ಲಿ ಬಿತ್ತಿದ್ದು ಕನ್ನಡಕ್ಕೆ ಬಂದು ಚಿಗುರುವಾಗ ಭಾಷೆಗೂ ಸ್ವಲ್ಪ ಯೂರಿಯಾ ಹೆಚ್ಚಾಯಿತೇನೋ. ದೂರದರ್ಶನದ ಕಾಲದಲ್ಲಿ ನಮ್ಮ ಮೇಷ್ಟ್ರು ಕುರ್ಚಿ ಬಿಟ್ಟು ಏಳುತ್ತಿರಲಿಲ್ಲ. "ಬಿತ್ತನೆಗೆ ಮುನ್ನ ಬೀಜೋಪಚಾರ ಮಾಡತಕ್ಕದ್ದು" ಅನ್ನುತ್ತಿದ್ದರು. ಹೆಕ್ಟೇರಿಗೆ ಇಷ್ಟು ಸಾರಜನಕ, ಇಷ್ಟು ರಂಜಕ, ಇಷ್ಟು ಪೊಟ್ಯಾಷ್. ನಮ್ಮಪ್ಪನಿಗೆ ಇದ್ದದ್ದು ಬಚ್ಚಲಿನ ಹಿಂದೆ ಆರಡಿ ಜಾಗ. ಆದರೂ ಬರೆದುಕೊಳ್ಳುತ್ತಿದ್ದರು.

ಆಗಲೂ ಈಗಲೂ ನೋಡುವವರ ಪ್ರಶ್ನೆ ಮಾತ್ರ ಒಂದೇ: "ಸಾರ್, ನಮ್ಮನೆ ಕರಿಬೇವು ಚಿಗುರ್ತಾ ಇಲ್ಲ." ಕಾಗದದಲ್ಲಿ ಬಂತು, ಫೋನಿನಲ್ಲಿ ಬಂತು, ಈಗ ವಾಟ್ಸಪ್ಪಿನಲ್ಲಿ ಫೋಟೋ ಸಮೇತ ಬರುತ್ತದೆ. ಉತ್ತರ ಮಾತ್ರ ಕಾಲಕ್ಕೆ ತಕ್ಕಂತೆ. ಮೊದಲು ಯೂರಿಯಾ ಎಂದವರು ಆಮೇಲೆ ಯೂರಿಯಾ ಹೆಸರೆತ್ತಿದರೆ ಕಿವಿ ಮುಚ್ಚಿಕೊಂಡು ಜೀವಾಮೃತ ಅಂದರು.

ಜೀವಾಮೃತದ ಎಪಿಸೋಡು ನನಗೆ ಚೆನ್ನಾಗಿ ನೆನಪಿದೆ. 200 ಲೀಟರ್ ನೀರು, 10 ಕಿಲೋ ಸಗಣಿ, 10 ಲೀಟರ್ ಗಂಜಲ, ಎರಡೆರಡು ಕಿಲೋ ಬೆಲ್ಲ ಮತ್ತು ದ್ವಿದಳ ಧಾನ್ಯದ ಹಿಟ್ಟು, ಒಂದು ಹಿಡಿ ಬದುವಿನ ಮಣ್ಣು. ಒಂದು ಎಕರೆಗೆ. ಫೋನ್ ಮಾಡಿದ್ದ ಹೆಣ್ಣುಮಗಳದು ಅಪಾರ್ಟ್‌ಮೆಂಟಿನ ಮೂರನೇ ಮಹಡಿ, ಬಾಲ್ಕನಿಯಲ್ಲಿ ಮೂರು ಕುಂಡ. "ನಮಗೆ ಎಷ್ಟು ಹಾಕ್ಬೇಕು ಸಾರ್?" ಮೇಷ್ಟ್ರು ಗಂಟಲು ಸರಿಮಾಡಿಕೊಂಡರು. "ಅದೇ ಪ್ರಮಾಣದಲ್ಲಿ ಭಾಗಿಸ್ಕೊಳ್ಳಿ ಅಮ್ಮ." ನಾನು ಕ್ಯಾಲೆಂಡರಿನ ಹಿಂದೆ ಭಾಗಿಸಿದೆ. ಎಕರೆಗೆ 43,560 ಚದರಡಿ, ಕುಂಡಕ್ಕೊಂದು ಚದರಡಿ. ಮೂರು ಕುಂಡಕ್ಕೂ ಸೇರಿ ಮೂರು ಚಿಕ್ಕ ಚಮಚ ಜೀವಾಮೃತ, ಅದಕ್ಕೆ ಒಂದು ಗ್ರಾಮೂ ತೂಗದ ಸಗಣಿ. ಆ ಹೆಣ್ಣುಮಗಳು ಬೆರಣಿ ಆರ್ಡರ್ ಮಾಡಿದಳೋ ಏನೋ, ತಿಳಿಯಲಿಲ್ಲ. ಲೈನ್ ಕಟ್ಟಾಯಿತು.

ಈಗ ಮೇಷ್ಟ್ರಿಗೆ ಯೂಟ್ಯೂಬ್ ಪರ್ವ. ಈರುಳ್ಳಿ ಸಿಪ್ಪೆ, ಬಾಳೆಹಣ್ಣಿನ ಸಿಪ್ಪೆ, ಅಕ್ಕಿ ತೊಳೆದ ನೀರು. ಮುಸುರೆ ಬಾನಿಗೆ ಹೋಗುತ್ತಿದ್ದದ್ದೆಲ್ಲ ಈಗ 'ರಹಸ್ಯ'. ಬೆಲ್ ಬಟನ್ ಒತ್ತಿದವರಿಗೆ ಮಾತ್ರ ಹೇಳುತ್ತಾರೆ. ಜನವರಿ, ಆಗಸ್ಟಿನಲ್ಲಿ ಮಾತ್ರ ಹಳೆಯ ಗತ್ತು ಮರಳುತ್ತದೆ. ಲಾಲ್‌ಬಾಗಿನ ಫಲಪುಷ್ಪ ಪ್ರದರ್ಶನದಲ್ಲಿ ಗಾಜಿನಮನೆಗೆ ಬೆನ್ನುಮಾಡಿ ನಿಂತು "1889ರಲ್ಲಿ..." ಅಂತ ಶುರುಮಾಡಿದರೆ, ಅಡಿಗಲ್ಲು ಹಾಕುವಾಗ ಇವರೇ ಛತ್ರಿ ಹಿಡಿದಿದ್ದರೇನೋ ಅನ್ನಿಸಬೇಕು.

ಈ ಜಾತಿಯವರೊಬ್ಬರು ನಮ್ಮ ಹಿಂದಿನ ರಸ್ತೆಯಲ್ಲೇ ಇದ್ದಾರೆ. ಹೋದ ವರ್ಷ ನಮ್ಮ ಹಿತ್ತಿಲಿಗೇ ಕ್ಯಾಮೆರಾ ತಂದರು. ಅಮ್ಮನ ಕರಿಬೇವು ಮಾಡಿಗೆ ಮುಟ್ಟಿದೆ, ಬೀದಿಯವರೆಲ್ಲ ಒಗ್ಗರಣೆಗೆ ಅಲ್ಲಿಂದಲೇ ಮುರಿದುಕೊಂಡು ಹೋಗುತ್ತಾರೆ. ಮೇಷ್ಟ್ರು ಹುಳಿ ಮಜ್ಜಿಗೆ ಕೇಳಿದರು. ಅಮ್ಮ ಒಂದು ಚೊಂಬು ಕೊಟ್ಟಳು. ಬುಡಕ್ಕೆ ಸುರಿದರು. ಕ್ಯಾಮೆರಾದವನು "ನೆರಳು ಬಿತ್ತು ಸಾರ್, ಇನ್ನೊಂದ್ಸಲ" ಅಂದ. ಇನ್ನೊಂದು ಚೊಂಬು. ಆಮೇಲೆ ಕುಕ್ಕರ್ ಕೂಗಿತು. ಮತ್ತೊಂದು. ನಾಲ್ಕನೆಯದಕ್ಕೆ ಅಮ್ಮ ನೀರಿಗೆ ಒಂದಿಷ್ಟು ಅಕ್ಕಿಹಿಟ್ಟು ಕದಡಿ ಕೊಟ್ಟಳು. ಪ್ರಸಾರವಾದದ್ದು ಅದೇ. ಬಿಳುಪು ಚೆನ್ನಾಗಿ ಬಂದಿತ್ತಂತೆ.

ಎಲ್ಲ ಮುಗಿದು, ಜುಬ್ಬದ ಮೈಕು ಬಿಚ್ಚಿ ಹುಡುಗನ ಕೈಗೆ ಕೊಟ್ಟು, ಕಾಫಿ ಲೋಟ ಹಿಡಿದ ಮೇಷ್ಟ್ರು ಅಮ್ಮನ ಪಕ್ಕ ಮೆಟ್ಟಿಲ ಮೇಲೆ ಕೂತರು. ಧ್ವನಿ ಇಳಿಸಿದರು.

"ಅಮ್ಮಾ, ನಮ್ಮನೇದು ಮೂರು ವರ್ಷ ಆಯ್ತು, ಚಿಗುರ್ತಾನೇ ಇಲ್ಲ."

"ಎಲ್ಲಿಟ್ಟಿದೀರಪ್ಪ?"

"ಹಾಲ್‌ನಲ್ಲಿ, ಸೋಫಾ ಪಕ್ಕ. ಮನೇಲೇ ಶೂಟಿಂಗ್ ಇದ್ದಾಗ ಹಿಂದೆ ಕಾಣಲಿ ಅಂತ."

"ಬಿಸಿಲಿಗಿಡಿ. ತುದಿ ಮುರೀತಾ ಇರಿ."

ಮೇಷ್ಟ್ರು ಜೇಬಿನಿಂದ ಪುಸ್ತಕ ತೆಗೆದು ಬರೆದುಕೊಂಡರು. ವೈರು ಸುತ್ತುತ್ತಿದ್ದ ಹುಡುಗ ಕೈ ನಿಲ್ಲಿಸಿದ. "ಅಮ್ಮಾ, ಈಗ ಹೇಳಿದ್ರಲ್ಲ, ಅದನ್ನ ಕ್ಯಾಮೆರಾ ನೋಡ್ಕೊಂಡು ಇನ್ನೊಂದ್ಸಲ ಹೇಳ್ತೀರಾ?"

"ಹೋಗೋ," ಅಂದಳು ಅಮ್ಮ, ಖಾಲಿ ಚೊಂಬು ಎತ್ತಿಕೊಂಡು. "ಗಿಡಾನ ಬಿಸಿಲಿಗಿಡು ಅಂತಾನೂ ಟೀವೀಲಿ ಹೇಳ್ಬೇಕಾ!"